ಮರಳಿ ಬರುವ ಬಾಣ

ದೀಪಾವಳಿಯ ಮರುದಿನ ಬೆಳಿಗ್ಗೆ ನಮ್ಮ ಜಯನಗರದ ಬೀದಿಗಳಲ್ಲಿ ಮಕ್ಕಳಿಗೆ ಒಂದು ಸಣ್ಣ ಸುಗ್ಗಿ. ಹಿಂದಿನ ರಾತ್ರಿ ಮಹಡಿಗಳ ಮೇಲಿಂದ ಹಾರಿದ ಬಾಣಗಳ ಸುಟ್ಟ ಕಡ್ಡಿಗಳನ್ನು ಅವರು ಚರಂಡಿಯ ಪಕ್ಕದಿಂದ, ತೆಂಗಿನ ಬುಡದಿಂದ, ಕಾಂಪೌಂಡಿನ ಮೂಲೆಯಿಂದ ಆಯ್ದು ಕೂಡಿಹಾಕುತ್ತಾರೆ. ಕೆಲವು ವರ್ಷಗಳ ಹಿಂದೆ ನೆರೆಮನೆಯ ಹುಡುಗನೊಬ್ಬ ಅಂಥ ಒಂದು ಹಿಡಿ ಕಡ್ಡಿಯನ್ನು ನನ್ನ ಮುಂದೆ ಹಿಡಿದು, "ಮೇಷ್ಟ್ರೇ, ಕಡ್ಡಿ ಗಟ್ಟಿಯಾಗಿಯೇ ಇದೆಯಲ್ಲ! ಇದಕ್ಕೆ ಮತ್ತೆ ಮದ್ದು ಕಟ್ಟಿ ಏಕೆ ಹಾರಿಸಬಾರದು?" ಎಂದು ಕೇಳಿದ. ನಾನು ಕನ್ನಡ ಪಂಡಿತ. ಸಂಧಿ ಸಮಾಸಗಳನ್ನು ಕೇಳಿದ್ದರೆ ಒಡನೆಯೇ ಹೇಳಿಬಿಡುತ್ತಿದ್ದೆ. ಈ ಪ್ರಶ್ನೆಗೆ ಉತ್ತರ ತೋಚದೆ, "ಬಿಟ್ಟ ಬಾಣ ಮರಳಿ ಬಾರದಪ್ಪ" ಎಂದು ಗಾದೆಯ ಧಾಟಿಯಲ್ಲಿ ಹೇಳಿ ಕಳುಹಿಸಿದೆ.

ಆಮೇಲೆ ವಿಚಾರಿಸಿ ನೋಡಿದರೆ, ಆ ಹುಡುಗನ ಪ್ರಶ್ನೆಯನ್ನೇ ದೊಡ್ಡ ದೊಡ್ಡ ದೇಶಗಳು ಸಾವಿರಾರು ಕೋಟಿ ಹಣವನ್ನು ಮುಂದಿಟ್ಟುಕೊಂಡು ಕೇಳುತ್ತಿವೆಯೆಂದು ತಿಳಿಯಿತು. ಆ ಪ್ರಶ್ನೆಗೆ ಉತ್ತರ ಹುಡುಕುವ ಕೆಲಸದಲ್ಲಿ ನಮ್ಮ ಕನ್ನಡನಾಡಿಗೆ ಹಳೆಯ ಪಾಲೂ ಇದೆ, ಹೊಸ ಪಾಲೂ ಇದೆ. ವಾಚಕರೇ, ಅದನ್ನು ತಮ್ಮ ಮುಂದಿಡುವುದೇ ಈ ಲೇಖನದ ಉದ್ದೇಶ.

ಯಾವ ವಾಹನವನ್ನೇ ಆಗಲಿ ಮನೆಯ ಯಜಮಾನ ಕೇಳುವ ಪ್ರಶ್ನೆಗಳು ಎರಡು. ಇದು ಎಷ್ಟು ಹೊರೆ ಹೊರುತ್ತದೆ? ಹೊತ್ತು ಹೋದ ಮೇಲೆ ಮನೆಗೆ ಮರಳುತ್ತದೆಯೇ? ಎತ್ತಿನ ಗಾಡಿಯ ವಿಷಯದಲ್ಲಿ ಎರಡನೆಯ ಪ್ರಶ್ನೆಯೇ ಏಳದು. ಸಂತೆಗೆ ಹೋದ ಗಾಡಿ ಸಂಜೆಗೆ ಹಟ್ಟಿಗೆ ಬಂದೇ ಬರುತ್ತದೆ. ಒಂದು ಸಲ ಸಂತೆಗೆ ಹೋದ ಗಾಡಿಯನ್ನು ಅಲ್ಲಿಯೇ ಸುಟ್ಟುಹಾಕಿ, ಮುಂದಿನ ವಾರಕ್ಕೆ ಹೊಸ ಗಾಡಿ ಮಾಡಿಸುವ ರೈತ ಎಲ್ಲಿಯಾದರೂ ಉಂಟೇ? ಆದರೆ ರಾಕೆಟ್ಟಿನ ವಿಷಯದಲ್ಲಿ ಲೋಕವೆಲ್ಲ ಬಹುಕಾಲ ಮಾಡಿದ್ದು ಇದನ್ನೇ.

ಕಥೆಯ ಮೊದಲ ಅಧ್ಯಾಯಕ್ಕಾಗಿ ನಾವು ದೂರ ಹೋಗಬೇಕಾಗಿಲ್ಲ. ಜಯನಗರದಿಂದ ಮಾರುಕಟ್ಟೆಯ ಕಡೆಗೆ ಹೊರಟರೆ ದಾರಿಯಲ್ಲಿ ಸಿಕ್ಕುವ ಲಾಲ್‌ಬಾಗ್ ತೋಟಕ್ಕೆ 1760ರಲ್ಲಿ ಅಡಿಗಲ್ಲು ಹಾಕಿದವನು ಹೈದರಾಲಿ. ಮುಂದೆ ಹೋಗಿ ಕೋಟೆಯನ್ನು ದಾಟಿದರೆ ಹಳೆಯ ಪೇಟೆಯಲ್ಲಿ ತಾರಾಮಂಡಲಪೇಟೆ ಎಂಬ ಹೆಸರು ಕಿವಿಗೆ ಬೀಳುತ್ತದೆ. ತಾರಾಮಂಡಲವೆಂದರೆ ನಕ್ಷತ್ರಗಳ ಸಮೂಹ. ಆದರೆ ಈ ಹೆಸರು ಜ್ಯೋತಿಷ್ಯದಿಂದ ಬಂದುದಲ್ಲ. ಹೈದರ್ ಮತ್ತು ಟಿಪ್ಪು ಸುಲ್ತಾನರ ಕಾಲದಲ್ಲಿ ಬಾಣಬಿರುಸುಗಳ ಕೆಲಸ ನಡೆದ ಜಾಗವಿದು. ಬೆಂಗಳೂರಿನಂತೆಯೇ ಶ್ರೀರಂಗಪಟ್ಟಣ, ಚಿತ್ರದುರ್ಗ, ಬಿದನೂರುಗಳಲ್ಲಿಯೂ ಇಂಥ ತಾರಾಮಂಡಲಪೇಟೆಗಳಿದ್ದುವೆಂದು ಇತಿಹಾಸಜ್ಞರು ಹೇಳುತ್ತಾರೆ. ಈ ನಾಲ್ಕು ಹೆಸರುಗಳಲ್ಲಿ ಚಿತ್ರದುರ್ಗವನ್ನು ದಯವಿಟ್ಟು ನೆನಪಿನಲ್ಲಿಟ್ಟುಕೊಂಡಿರಿ. ಕಡೆಗೆ ಮತ್ತೆ ಅಲ್ಲಿಗೇ ಹೋಗಬೇಕಾಗಿದೆ.

ಮೈಸೂರಿನ ಬಾಣದ ಹೆಚ್ಚುಗಾರಿಕೆ ಏನು? ಮದ್ದು ತುಂಬಿ ಹಾರಿಸುವ ವಿದ್ಯೆ ಚೀನಾ ದೇಶದಿಂದ ಹಿಡಿದು ಯೂರೋಪಿನವರೆಗೆ ಅನೇಕರಿಗೆ ತಿಳಿದಿದ್ದಿತು. ಆದರೆ ಅವರು ಮದ್ದನ್ನು ತುಂಬುತ್ತಿದ್ದುದು ಹೆಚ್ಚಾಗಿ ಕಾಗದದ ರಟ್ಟಿನ ಕೊಳವೆಯಲ್ಲಿ. ನಮ್ಮವರು ಅದನ್ನು ಕಬ್ಬಿಣದ ಕೊಳವೆಯಲ್ಲಿ ತುಂಬಿದರು. ರಟ್ಟಿನ ಕೊಳವೆ ಒಳಗಿನ ಒತ್ತಡವನ್ನು ತಾಳದೆ ಒಡೆಯುತ್ತಿತ್ತು, ಕಬ್ಬಿಣದ್ದು ತಾಳಿತು. ಒತ್ತಡ ಹೆಚ್ಚಿದಷ್ಟೂ ಹಿಂದಕ್ಕೆ ಚಿಮ್ಮುವ ಹೊಗೆಯ ರಭಸ ಹೆಚ್ಚು, ಬಾಣ ಹೋಗುವ ದೂರವೂ ಹೆಚ್ಚು. ಗೇಣುದ್ದದ ಕೊಳವೆ, ಅದಕ್ಕೆ ಬಿಗಿದ ಬಿದಿರಿನ ಕಡ್ಡಿ, ಸಾವಿರ ಗಜದ ಹಾರಾಟ—ಇಷ್ಟೇ ಸಾಮಗ್ರಿ. 1780ರ ಸೆಪ್ಟೆಂಬರಿನಲ್ಲಿ ಕಂಚಿಯ ಬಳಿಯ ಪೊಲ್ಲಿಲೂರಿನಲ್ಲಿ ಕರ್ನಲ್ ಬೈಲಿಯ ಸೈನ್ಯ ಹೈದರನ ಕೈಯಲ್ಲಿ ಸೋತಾಗ, ಆಂಗ್ಲರ ಮದ್ದಿನ ಬಂಡಿಗಳು ಹೊತ್ತಿ ಸಿಡಿದವು. ಅದು ಬಾಣಗಳ ಕೆಲಸವೆಂದು ಹೇಳಿಕೆ. ಶ್ರೀರಂಗಪಟ್ಟಣದ ದರಿಯಾ ದೌಲತ್ತಿಗೆ ಹೋದವರು ಆ ಯುದ್ಧದ ಚಿತ್ರವನ್ನು ಗೋಡೆಯ ಮೇಲೆ ನೋಡಿಯೇ ಇರುತ್ತೀರಿ.

1799ರ ಮೇ 4ರಂದು ಶ್ರೀರಂಗಪಟ್ಟಣ ಬಿದ್ದ ಮೇಲೆ ನಮ್ಮ ಬಾಣಗಳು ಇಂಗ್ಲೆಂಡಿನ ವೂಲ್‌ವಿಚ್ಚಿಗೆ ಸಾಗಿದವು. ವಿಲಿಯಂ ಕಾಂಗ್ರೀವ್ ಎಂಬುವನು ಅವುಗಳ ಜಾಡಿನಲ್ಲಿಯೇ ತನ್ನ ರಾಕೆಟ್ಟುಗಳನ್ನು ಬೆಳೆಸಿದನು. 1807ರಲ್ಲಿ ಕೋಪನ್‌ಹೇಗನ್ ನಗರ ಅವುಗಳಿಂದ ಉರಿಯಿತು. ಈ ಸಂಗತಿಗಳನ್ನೆಲ್ಲ ಶಾಸ್ತ್ರೀಯವಾಗಿ ಶೋಧಿಸಿ ಬರೆದವರು ನಮ್ಮ ಬೆಂಗಳೂರಿನ ವಿಜ್ಞಾನಿ ರೊದ್ದಂ ನರಸಿಂಹ ಅವರು. ನಾಲ್ಕು ಊರುಗಳಲ್ಲಿ ಒಂದಾದ ಬಿದನೂರು, ಎಂದರೆ ಇಂದಿನ ಹೊಸನಗರ ತಾಲ್ಲೂಕಿನ ನಗರ. ಅಲ್ಲಿಯ ಹಾಳುಬಾವಿಯೊಂದನ್ನು 2018ರಲ್ಲಿ ಅಗೆದಾಗ ತುಕ್ಕು ಹಿಡಿದ ಸಾವಿರಕ್ಕೂ ಹೆಚ್ಚು ಬಾಣಗಳು ಹೊರಬಂದವು. ಹಾರದೆ ಉಳಿದುದರಿಂದ ಮಾತ್ರ ಅವು ನಮ್ಮ ಕೈಗೆ ಸಿಕ್ಕಿದುವು ಎಂಬುದನ್ನು ಗಮನಿಸಿ. ಹಾರಿದ ಬಾಣ ಹಾರಿಹೋಯಿತು. ಯುದ್ಧದ ಬಾಣ ಮರಳಬೇಕೆಂದು ಯಾರೂ ಬಯಸಲೂ ಇಲ್ಲ.

ಅದೇ ಸೈನ್ಯದ ಇನ್ನೊಂದು ವಾಹನವನ್ನೂ ನೆನೆಯಬೇಕು. ಚಿಕ್ಕದೇವರಾಜ ಒಡೆಯರ ಕಾಲದಲ್ಲಿ 'ಬೆಣ್ಣೆ ಚಾವಡಿ' ಎಂದಿದ್ದ ದನಗಳ ಇಲಾಖೆಗೆ ಟಿಪ್ಪು 'ಅಮೃತಮಹಲ್' ಎಂದು ಹೆಸರಿಟ್ಟನು. ತೋಪುಗಳನ್ನೂ ಸಾಮಾನುಗಳನ್ನೂ ಎಳೆದುದು ಈ ತಳಿಯ ಎತ್ತುಗಳೇ. ಅವುಗಳ ಮೇವಿಗಾಗಿ ನಾಡಿನಾದ್ಯಂತ ಕಾವಲುಗಳನ್ನು, ಎಂದರೆ ಕಾಯ್ದಿರಿಸಿದ ಹುಲ್ಲುಗಾವಲುಗಳನ್ನು, ಬಿಟ್ಟಿದ್ದರು. ಎತ್ತು ಹೊರೆಯನ್ನೆಳೆದು ಮತ್ತೆ ಕಾವಲಿಗೆ ಮರಳುತ್ತಿತ್ತು. ಬಾಣ ಒಮ್ಮೆ ಹೋದರೆ ಹೋಯಿತು.

ಇನ್ನು ಬಾಣವೇಕೆ ಮರಳದು, ಅದರ ಹೊರೆಯೇಕೆ ಅಷ್ಟು ಕಡಿಮೆ ಎಂಬುದನ್ನು ನೋಡೋಣ. ಇದನ್ನು ಲೆಕ್ಕ ಹಾಕಿ 1903ರಲ್ಲಿ ಪ್ರಕಟಿಸಿದವರು ರಷ್ಯದ ಕಾನ್‌ಸ್ಟಂಟಿನ್ ತ್ಸಿಯೋಲ್ಕೋವ್‌ಸ್ಕಿ. ಅವರು ನಮ್ಮ ಹಾಗೆಯೇ ಶಾಲೆಯ ಉಪಾಧ್ಯಾಯರು, ಎಳೆತನದಿಂದಲೇ ಕಿವಿ ಮಂದ. ಅವರ ಸೂತ್ರವನ್ನು ನಮ್ಮ ಮಾತಿನಲ್ಲಿ ಹೀಗೆ ಹೇಳಬಹುದು. ದಾರಿಯಲ್ಲಿ ಎಲ್ಲಿಯೂ ಅನ್ನ ಸಿಗದ ದೂರದ ಪಯಣಕ್ಕೆ ಹೊರಟವನು ಬುತ್ತಿ ಕಟ್ಟಿಕೊಳ್ಳಬೇಕು. ಆ ಬುತ್ತಿಯ ಭಾರವನ್ನು ಹೊರಲು ಇನ್ನಷ್ಟು ಬುತ್ತಿ ಬೇಕು; ಆ ಹೆಚ್ಚಿನ ಬುತ್ತಿಯನ್ನು ಹೊರಲು ಮತ್ತಷ್ಟು ಬೇಕು. ಭೂಮಿಯ ಸುತ್ತ ಬೀಳದೆ ತಿರುಗಬೇಕಾದರೆ ಗಂಟೆಗೆ ಸುಮಾರು 28,000 ಕಿಲೋಮೀಟರು ವೇಗ ಬೇಕಾದುದರಿಂದ, ನೆಲದಿಂದೇಳುವ ರಾಕೆಟ್ಟಿನ ತೂಕದ ಬಹುಪಾಲು ಬುತ್ತಿಯೇ, ಎಂದರೆ ಇಂಧನವೇ. ಬುತ್ತಿ ಮುಗಿದ ಪಾತ್ರೆಯನ್ನೂ ಹೊತ್ತು ಹೋದರೆ ಗುರಿ ಮುಟ್ಟುವಂತಿಲ್ಲ. ಆದುದರಿಂದ ರಾಕೆಟ್ಟನ್ನು ಹಂತ ಹಂತವಾಗಿ ಕಟ್ಟಿ, ಬರಿದಾದ ಹಂತವನ್ನು ದಾರಿಯಲ್ಲಿಯೇ ಕಡಲಿಗೆ ಎಸೆಯುತ್ತಾರೆ.

ಅಂಕಿಗಳನ್ನು ನೋಡಿದರೆ ತಮಗೆ ಆಶ್ಚರ್ಯವಾದೀತು. 1980ರ ಜುಲೈ 18ರಂದು ಶ್ರೀಹರಿಕೋಟೆಯಿಂದ ಹಾರಿದ ನಮ್ಮ ಎಸ್.ಎಲ್.ವಿ.-3 ರಾಕೆಟ್ಟಿನ ತೂಕ 17 ಟನ್ನು. ಅದು ಕಕ್ಷೆಗೆ ಸೇರಿಸಿದ ರೋಹಿಣಿ ಉಪಗ್ರಹದ ತೂಕ 35 ಕಿಲೋಗ್ರಾಂ. ಐನೂರರಲ್ಲಿ ಒಂದು ಪಾಲು ಎನ್ನಿ! ಅಮೆರಿಕದವರು 1969ರಲ್ಲಿ ಚಂದ್ರನಲ್ಲಿಗೆ ಮನುಷ್ಯರನ್ನು ಕಳುಹಿಸಿದ ಸ್ಯಾಟರ್ನ್-5 ರಾಕೆಟ್ಟು ಹತ್ತಿರ ಹತ್ತಿರ 3,000 ಟನ್ನು ತೂಗುತ್ತಿತ್ತು. ಆ ಪಯಣದಿಂದ ಮನೆಗೆ ಮರಳಿದ್ದು ಮೂವರು ಯಾತ್ರಿಕರು ಕುಳಿತ ಐದು ಟನ್ನಿನಷ್ಟರ ಒಂದು ಗೂಡು ಮಾತ್ರ.

ಹೊರೆ ಹೊರುವ ಶಕ್ತಿಯಿಲ್ಲದವನ ಪಾಡು ಹೇಗಿರುತ್ತದೆಂಬುದನ್ನು ಬೆಂಗಳೂರಿನಷ್ಟು ಬಲ್ಲ ಊರು ಬೇರೆ ಇಲ್ಲ. ಉಡುಪಿಯ ಬಳಿಯ ಅದಮಾರಿನಲ್ಲಿ ಹುಟ್ಟಿದ ಯು. ಆರ್. ರಾವ್ ಅವರ ಮುಂದಾಳುತನದಲ್ಲಿ ಪೀಣ್ಯದ ಶೆಡ್ಡುಗಳಲ್ಲಿ ಕಟ್ಟಿದ 360 ಕಿಲೋಗ್ರಾಮಿನ ಆರ್ಯಭಟ ಉಪಗ್ರಹವನ್ನು 1975ರ ಏಪ್ರಿಲ್ 19ರಂದು ಹಾರಿಸಿದ್ದು ರಷ್ಯದ ರಾಕೆಟ್ಟು. 1981ರಲ್ಲಿ ಆಪಲ್ ಉಪಗ್ರಹವನ್ನು ಹೊತ್ತದ್ದು ಯೂರೋಪಿನ ಏರಿಯಾನ್. ಆ ಆಪಲ್ ಉಪಗ್ರಹ ಎತ್ತಿನ ಗಾಡಿಯ ಮೇಲೆ ಕುಳಿತಿರುವ ಚಿತ್ರವನ್ನು ತಾವು ಪತ್ರಿಕೆಗಳಲ್ಲಿ ಕಂಡಿರಬಹುದು. ಅದನ್ನು ಬಡತನದ ಗುರುತೆಂದು ನಕ್ಕವರುಂಟು. ನಿಜವೇನೆಂದರೆ, ಅದರ ಆಂಟೆನಾವನ್ನು ಪರೀಕ್ಷಿಸುವಾಗ ಸುತ್ತ ಲೋಹದ ಅಡ್ಡಿಯಿರಬಾರದಾಗಿತ್ತು. ಅದಕ್ಕೆ ಮರದ ಗಾಡಿಯೇ ತಕ್ಕದ್ದಾಯಿತು. ಆ ಗಾಡಿ ಕೊರತೆಯಲ್ಲ, ಜಾಣತನ. ಕೊರತೆ ಇದ್ದುದು ಬೇರೆಡೆ: ಗಾಡಿ ಇಳಿಸಿದ ಹೊರೆಯನ್ನು ಆಕಾಶಕ್ಕೆತ್ತುವ ರಾಕೆಟ್ಟು ನಮ್ಮಲ್ಲಿರಲಿಲ್ಲ.

ಭಾರ ಎತ್ತುವ ರಾಕೆಟ್ಟಿಗೆ ಸೊನ್ನೆಗಿಂತ 253 ಡಿಗ್ರಿ ಕೆಳಗೆ ತಣಿಸಿದ ದ್ರವ ಜಲಜನಕವನ್ನು ಉರಿಸುವ ಎಂಜಿನು ಬಹಳ ಅನುಕೂಲ. ಇದಕ್ಕೆ ಕ್ರಯೋಜೆನಿಕ್ ಎಂಜಿನೆಂದು ಹೆಸರು. ಅದರ ವಿದ್ಯೆಯನ್ನು ಕೊಳ್ಳಲು 1991ರಲ್ಲಿ ರಷ್ಯದೊಡನೆ ಒಪ್ಪಂದವಾಯಿತು. ಅಮೆರಿಕ ಅಡ್ಡ ಬಂದಿತು; 1993ರಲ್ಲಿ ರಷ್ಯ, ಎಂಜಿನುಗಳನ್ನು ಕೊಡುತ್ತೇವೆ, ವಿದ್ಯೆಯನ್ನು ಕೊಡಲಾರೆವು ಎಂದಿತು. ಅನ್ನ ಕೊಟ್ಟು ಒಲೆಯನ್ನು ಬಚ್ಚಿಟ್ಟ ಹಾಗಾಯಿತು. ನಮ್ಮವರು ತಾವೇ ಒಲೆ ಹೂಡಲು ಕುಳಿತರು. 2010ರ ಏಪ್ರಿಲ್ 15ರಂದು ನಮ್ಮದೇ ಎಂಜಿನಿನ ಮೊದಲ ಹಾರಾಟ ಸೋತು ಕಡಲಿಗೆ ಬಿದ್ದಿತು. 2014ರ ಜನವರಿ 5ರಂದು ಗೆದ್ದಿತು. ವಿದ್ಯೆಯನ್ನು ಕೇಳಿದ ದಿನದಿಂದ ಪಡೆದ ದಿನದವರೆಗೆ ಇಪ್ಪತ್ತಮೂರು ವರ್ಷ! 2022ರಲ್ಲಿ ಇಂಥ ಎಂಜಿನುಗಳನ್ನು ಮಾಡುವ ಕಾರ್ಖಾನೆ ಬೆಂಗಳೂರಿನ ಎಚ್.ಎ.ಎಲ್.ನಲ್ಲಿಯೇ ತೆರೆಯಿತು.

2017ರ ಜೂನ್ 5ರಂದು ಹಾರಿದ ಎಲ್.ವಿ.ಎಂ.-3 ರಾಕೆಟ್ಟಿನ ತೂಕ 640 ಟನ್ನು, ಎತ್ತರ ಸುಮಾರು 43 ಮೀಟರು. ಭೂಮಿಯ ಸಮೀಪದ ಕಕ್ಷೆಗೆ ಎಂಟು ಟನ್ನು, ದೂರದ ಕಕ್ಷೆಯ ದಾರಿಗೆ ನಾಲ್ಕು ಟನ್ನು ಸಾಗಿಸಬಲ್ಲದೆಂಬ ಲೆಕ್ಕದಲ್ಲಿ ಅದನ್ನು ಕಟ್ಟಿದರು. 2023ರಲ್ಲಿ ಚಂದ್ರಯಾನ-3ನ್ನು ಹೊತ್ತದ್ದು ಇದೇ. ಆದರೂ 5,854 ಕಿಲೋಗ್ರಾಮಿನ ಜಿಸ್ಯಾಟ್-11 ಇದರ ಹೆಗಲಿಗೆ ಮೀರಿದ ಹೊರೆಯಾದುದರಿಂದ, 2018ರ ಡಿಸೆಂಬರಿನಲ್ಲಿ ಅದು ದಕ್ಷಿಣ ಅಮೆರಿಕದ ತೀರದಿಂದ ಹಾರಬೇಕಾಯಿತು. ಮುಂದೆ ಕಾಲಚಕ್ರ ತಿರುಗಿತು. 2025ರ ಡಿಸೆಂಬರ್ 24ರಂದು ಎಲ್.ವಿ.ಎಂ.-3 ಸುಮಾರು 6,100 ಕಿಲೋಗ್ರಾಮಿನ ಉಪಗ್ರಹವೊಂದನ್ನು ಸಮೀಪದ ಕಕ್ಷೆಗೆ ಸೇರಿಸಿತು. ಆ ಉಪಗ್ರಹ ಅಮೆರಿಕದ್ದು! ವಿದ್ಯೆಗೆ ಅಡ್ಡ ಬಂದ ನಾಡಿನವರೇ ಹೊರೆ ತಂದು ನಮ್ಮ ಗಾಡಿಗೆ ಏರಿಸಿದರು. ಆದರೆ ಅಷ್ಟೆಲ್ಲ ಹೊತ್ತ ಆ 640 ಟನ್ನಿನ ರಾಕೆಟ್ಟು ಮರಳಲಿಲ್ಲ. ಪ್ರತಿ ಹಾರಾಟಕ್ಕೂ ಅದನ್ನು ಹೊಸದಾಗಿಯೇ ಕಟ್ಟಬೇಕು.

ಇಲ್ಲಿ ನೆರೆಮನೆಯ ಹುಡುಗ ಮತ್ತೆ ಕಡ್ಡಿ ಹಿಡಿದು ಬರುತ್ತಾನೆ. ಅವನಿಗೆ ಲೋಕ ಕೊಟ್ಟ ಮೊದಲ ಉತ್ತರ ಅಮೆರಿಕದ ಸ್ಪೇಸ್ ಷಟಲ್. 1981ರಿಂದ 2011ರವರೆಗೆ ಅದು 135 ಬಾರಿ ಹಾರಿತು. ರೆಕ್ಕೆಯ ಆ ವಿಮಾನ ಮತ್ತೆ ಮತ್ತೆ ನೆಲಕ್ಕಿಳಿಯಿತು. ಆದರೆ ಪ್ರತಿಸಲವೂ ಅದರ ಮೈಮೇಲಿನ ಸಾವಿರಾರು ಬಿಲ್ಲೆಗಳನ್ನು ಒಂದೊಂದಾಗಿ ತಪಾಸಣೆ ಮಾಡಿ, ಎಂಜಿನುಗಳನ್ನು ಬಿಚ್ಚಿ ಜೋಡಿಸಿ ಸಜ್ಜುಗೊಳಿಸುವುದಕ್ಕೆ ತಿಂಗಳುಗಳೂ ಅಪಾರ ಹಣವೂ ಹಿಡಿದುವು. 1986ರಲ್ಲಿ ಮತ್ತು 2003ರಲ್ಲಿ ಎರಡು ವಿಮಾನಗಳೂ ಹದಿನಾಲ್ಕು ಜೀವಗಳೂ ಹೋದುವು. ಮರಳಿ ಬಂದ ಮಾತ್ರಕ್ಕೆ ಉಳಿತಾಯವಾಗದೆಂಬುದು ಅದು ಕಲಿಸಿದ ಪಾಠ. ಪಾತ್ರೆಯನ್ನು ತೊಳೆಯುವ ಖರ್ಚು ಹೊಸ ಪಾತ್ರೆಯ ಬೆಲೆಯನ್ನು ಮೀರಬಾರದಷ್ಟೆ?

ಎರಡನೆಯ ಉತ್ತರ 2015ರ ಡಿಸೆಂಬರಿನಲ್ಲಿ ಬಂತು. ಫಾಲ್ಕನ್-9 ಎಂಬ ಅಮೆರಿಕದ ರಾಕೆಟ್ಟಿನ ಮೊದಲ ಹಂತ, ಹೊರೆಯನ್ನು ಮೇಲಿನ ಹಂತಕ್ಕೊಪ್ಪಿಸಿ, ತಲೆ ಮೇಲಾಗಿಯೇ ಬೆಂಕಿಯುಗುಳುತ್ತ ನೆಲಕ್ಕಿಳಿದು ನಿಂತಿತು. 2017ರ ಮಾರ್ಚಿಯಲ್ಲಿ ಹೀಗೆ ಮರಳಿದ ಹಂತವೊಂದನ್ನು ಮತ್ತೆ ಹಾರಿಸಿದರು. ಅನಂತರ ಒಂದೇ ಹಂತ 30ಕ್ಕೂ ಹೆಚ್ಚು ಬಾರಿ ಹಾರಿದ ನಿದರ್ಶನವುಂಟು. 2024ರ ಅಕ್ಟೋಬರ್ 13ರಂದು ಅದೇ ಕಂಪನಿಯ ಸ್ಟಾರ್‌ಶಿಪ್ ಎಂಬ ಭಾರಿ ರಾಕೆಟ್ಟಿನ ಕೆಳಹಂತವನ್ನು, ಇಳಿದು ಬರುತ್ತಿದ್ದ ಹಾಗೆಯೇ, ಗೋಪುರದ ಎರಡು ಕಬ್ಬಿಣದ ತೋಳುಗಳು ಹಿಡಿದುಕೊಂಡುವು.

ಆದರೆ ವಾಚಕರೇ, ಮರಳುವುದು ಪುಕ್ಕಟೆಯಲ್ಲ. ಹಿಂದಿರುಗುವ ದಾರಿಯ ಬುತ್ತಿಯನ್ನು ಹೊರಡುವಾಗಲೇ ಕಟ್ಟಿಕೊಳ್ಳಬೇಕು. ಇಳಿಯಲು ಕಾಲುಗಳು ಬೇಕು, ದಿಕ್ಕು ತಿದ್ದಲು ರೆಕ್ಕೆಗಳು ಬೇಕು. ಇವೆಲ್ಲದರ ತೂಕವೂ ಹೊರೆಯ ಲೆಕ್ಕದಿಂದಲೇ ಕಳೆಯುತ್ತದೆ. ಫಾಲ್ಕನ್-9 ಅನ್ನು ಎಸೆದುಬಿಡುವುದಾದರೆ ದೂರದ ಕಕ್ಷೆಯ ದಾರಿಗೆ 8.3 ಟನ್ನು ಹೊರುತ್ತದೆ. ಮರಳಿ ಬಾ ಎಂದರೆ 5.5 ಟನ್ನು ಮಾತ್ರ ಎಂದು ಆ ಕಂಪನಿಯೇ ಲೆಕ್ಕ ಕೊಟ್ಟಿದೆ. ಮೂರರಲ್ಲಿ ಒಂದು ಪಾಲು ಹೊರೆ ಮರುಪಯಣದ ತೆರಿಗೆಯಾಗಿ ಹೋಯಿತು. ಹೊರೆ ಮತ್ತು ಮರಳಿಕೆ ಒಂದೇ ತಕ್ಕಡಿಯ ಎರಡು ತಟ್ಟೆಗಳು. ಒಂದು ಏರಿದರೆ ಇನ್ನೊಂದು ಇಳಿಯಲೇಬೇಕು.

ಈ ಮಾತನ್ನು ಮನಸ್ಸಿನಲ್ಲಿಟ್ಟುಕೊಂಡು ಚಿತ್ರದುರ್ಗಕ್ಕೆ ಹೋಗೋಣ. ಆ ಜಿಲ್ಲೆಯ ಚಳ್ಳಕೆರೆಯ ಬಳಿ ವಿಮಾನಗಳ ಪರೀಕ್ಷೆಗಾಗಿ ಮಾಡಿದ ಓಡುದಾರಿಯೊಂದಿದೆ. ಅದಿರುವುದು ಹಿಂದೆ ಹೇಳಿದ ಅಮೃತಮಹಲ್ ಕಾವಲಿನ ಹುಲ್ಲುಗಾವಲ ಸೀಮೆಯಲ್ಲಿ. 2023ರ ಏಪ್ರಿಲ್ 2ರ ಬೆಳಿಗ್ಗೆ ವಾಯುಸೇನೆಯ ಹೆಲಿಕಾಪ್ಟರೊಂದು ರೆಕ್ಕೆಯುಳ್ಳ ಒಂದು ವಾಹನವನ್ನು ನಾಲ್ಕೂವರೆ ಕಿಲೋಮೀಟರು ಎತ್ತರಕ್ಕೊಯ್ದು ಬಿಟ್ಟಿತು. ಒಳಗೆ ಯಾರೂ ಇಲ್ಲ, ಎಂಜಿನೂ ಇಲ್ಲ. ಅದು ತಾನೇ ದಾರಿ ತಿದ್ದಿಕೊಂಡು ಬಂದು ಓಡುದಾರಿಯ ಮೇಲೆ ಇಳಿಯಿತು. 2024ರ ಮಾರ್ಚ್ 22ರಂದು ಮತ್ತೊಮ್ಮೆ, ಅದೇ ವರ್ಷ ಜೂನ್ 23ರಂದು ಮೂರನೆಯ ಬಾರಿ ಈ ಪರೀಕ್ಷೆ ನಡೆಯಿತು. ಕಡೆಯ ಸಲ ದಾರಿಯಿಂದ 500 ಮೀಟರು ಪಕ್ಕಕ್ಕೆ ಬಿಟ್ಟಿದ್ದರೂ, ಎದುರುಗಾಳಿ ಅಡ್ಡಗಾಳಿಗಳಿದ್ದರೂ, ಗಂಟೆಗೆ 320 ಕಿಲೋಮೀಟರಿಗೂ ಮೀರಿದ ವೇಗದಲ್ಲಿ ಅದು ನಡುಗೆರೆಯನ್ನು ಹಿಡಿದು ಇಳಿಯಿತು. ಎಲ್ಲಕ್ಕಿಂತ ಮುಖ್ಯವಾದ ಸಂಗತಿ ಇದು: ಮಾರ್ಚಿಯಲ್ಲಿ ಇಳಿದ ಮೈಯನ್ನೇ, ಬದಲಾವಣೆ ಮಾಡದೆ, ಜೂನಿನಲ್ಲಿ ಮತ್ತೆ ಹಾರಿಸಿದ್ದರು. ಬಾಣಗಳನ್ನು ಕಟ್ಟಿದ ನಾಲ್ಕು ಊರುಗಳಲ್ಲಿ ಒಂದಾದ ಚಿತ್ರದುರ್ಗದ ಸೀಮೆಯಲ್ಲಿಯೇ ಬಾಣವನ್ನು ಮರಳಿಸುವ ಪಾಠ ನಡೆಯಿತು.

ಈ ಕಾವಲುಗಳು ವಿಜ್ಞಾನ ಸಂಸ್ಥೆಗಳಿಗೆ ಸೇರಿದಾಗ ಅಲ್ಲಿ ಕುರಿ ದನ ಮೇಯಿಸುತ್ತಿದ್ದವರು ತಮ್ಮ ಮೇವು ಹೋಯಿತೆಂದು ಹಸಿರು ನ್ಯಾಯಪೀಠದವರೆಗೆ ದೂರು ಒಯ್ದರೆಂಬುದನ್ನೂ ಹೇಳಬೇಕು. ಮರುಪಯಣದ ತೆರಿಗೆ ಆಕಾಶದಲ್ಲಿ ಮಾತ್ರವಲ್ಲ, ನೆಲದ ಮೇಲೂ ಬೀಳುತ್ತದೆ. ಅದನ್ನು ತೆತ್ತವರನ್ನು ಮರೆತು ಬರೆದ ಇತಿಹಾಸ ಅರೆ ಇತಿಹಾಸ.

ಆ ವಾಹನಕ್ಕೆ ಇಟ್ಟ ಹೆಸರು 'ಪುಷ್ಪಕ'. ಹೆಸರು ಕೇಳಿದೊಡನೆ, "ನೋಡಿ, ರಾಮಾಯಣದಲ್ಲಿಯೇ ಇದೆಲ್ಲ ಇತ್ತು" ಎನ್ನುವವರನ್ನು ನಾನು ಉಪಾಧ್ಯಾಯರ ಕೊಠಡಿಯಲ್ಲಿಯೂ ಕಂಡಿದ್ದೇನೆ. ಪಂಡಿತನಾಗಿ ನನ್ನ ಉತ್ತರವಿಷ್ಟೆ. ಪುಷ್ಪಕದಲ್ಲಿ ಎಷ್ಟು ಜನ ಕುಳಿತರೂ ಇನ್ನೊಬ್ಬನಿಗೆ ಜಾಗವಿರುತ್ತಿತ್ತೆಂದು ನಮ್ಮ ಹಿರಿಯರು ಹೇಳುತ್ತಿದ್ದರು. ರಾಮನು ಅಯೋಧ್ಯೆಯಲ್ಲಿ ಇಳಿದ ಮೇಲೆ ಅದನ್ನು ಒಡೆಯನಾದ ಕುಬೇರನಲ್ಲಿಗೆ ಹಿಂದಿರುಗಿಸಿದನು. ಮುಗಿಯದ ಹೊರೆಯ ಶಕ್ತಿ, ತಪ್ಪದ ಮರಳಿಕೆ—ಎರಡನ್ನೂ ಒಂದೇ ವಾಹನದಲ್ಲಿ ಕವಿ ಕಂಡನು. ಅದು ಕವಿಯ ಬಯಕೆ. ಬಯಕೆ ಬಹಳ ದೊಡ್ಡದು, ಅದನ್ನು ಚರಿತ್ರೆಯೆಂದು ಕರೆದು ಸಣ್ಣದು ಮಾಡಬಾರದು. ಬಾವಿಯಿಂದ ಎತ್ತಿದ ತುಕ್ಕಿನ ಕೊಳವೆ ಚರಿತ್ರೆ. ಇಪ್ಪತ್ತಮೂರು ವರ್ಷ ಕಾದು ಪಡೆದ ಎಂಜಿನು ಚರಿತ್ರೆ. ಚಳ್ಳಕೆರೆಯಲ್ಲಿ ಇಳಿದದ್ದು ಆರೂವರೆ ಮೀಟರು ಉದ್ದದ, ಪರೀಕ್ಷೆಗೆಂದು ಮಾಡಿದ ಸಣ್ಣ ವಾಹನ. ಅದರ ಮಾದರಿಯೊಂದು 2016ರ ಮೇ 23ರಂದು ಸುಮಾರು 65 ಕಿಲೋಮೀಟರು ಎತ್ತರಕ್ಕೇರಿ ಬಂಗಾಳ ಕೊಲ್ಲಿಗೆ ತೇಲಿ ಇಳಿದಿತ್ತು. ಕಕ್ಷೆಯಿಂದ ಮರಳುವ ಪರೀಕ್ಷೆ ಅದಕ್ಕಿಂತ ಬಹಳ ದೊಡ್ಡದು.

2024ರ ಸೆಪ್ಟೆಂಬರ್ 18ರಂದು ಕೇಂದ್ರ ಸಂಪುಟ ಮುಂದಿನ ಪೀಳಿಗೆಯ ರಾಕೆಟ್ಟಿಗೆ 8,240 ಕೋಟಿ ರೂಪಾಯಿಗಳನ್ನು ಒಪ್ಪಿತು. ಸಮೀಪದ ಕಕ್ಷೆಗೆ 30 ಟನ್ನು ಹೊರೆ, ಮರಳಿ ಬರುವ ಮೊದಲ ಹಂತ—ಇದು ಗುರಿ. ಹೊರೆ ಎಲ್.ವಿ.ಎಂ.-3ರ ಮೂರು ಪಟ್ಟು, ವೆಚ್ಚ ಒಂದೂವರೆ ಪಟ್ಟು ಎಂದು ಅಂದಾಜು. ಒಳ್ಳೆಯದೇ. ಆದರೆ ದಿನಾ ಸಂತೆಗೆ ಹೋಗುವವನಿಗೆ ಮಾತ್ರ ಸ್ವಂತ ಗಾಡಿ ಲಾಭ. ವರ್ಷಕ್ಕೆ ಕೆಲವೇ ಬಾರಿ ಹಾರಿಸುವ ನಾಡಿಗೆ ಮರಳಿ ಬಂದ ರಾಕೆಟ್ಟು ಕೊಟ್ಟಿಗೆಯಲ್ಲಿ ಕಟ್ಟಿದ ಎತ್ತಿನ ಹಾಗೆ. ಮೇವು ತಪ್ಪದು, ದುಡಿಮೆ ಇಲ್ಲ. ಬಾಣವನ್ನು ಮರಳಿಸುವ ವಿದ್ಯೆಯ ಜೊತೆಗೇ ಅದಕ್ಕೆ ಸಾಕಷ್ಟು ಹೊರೆಯನ್ನೂ ಹೊಂದಿಸಬೇಕು. ನಮ್ಮ ಮುಂದಿರುವ ನಿಜವಾದ ಪರೀಕ್ಷೆ ಇದು. ಇದು ಎಂಜಿನಿಯರುಗಳದು ಮಾತ್ರವಲ್ಲ, ಉಪಗ್ರಹಗಳನ್ನು ಕಟ್ಟುವವರದೂ ಹಣ ಹೂಡುವವರದೂ ಹೌದು.

ಆ ಹುಡುಗನಿಗೆ ಈಗ ನಾನು ಹೀಗೆ ಉತ್ತರ ಹೇಳುತ್ತೇನೆ: ಮಗು, ಕಡ್ಡಿಯನ್ನು ಮತ್ತೆ ಹಾರಿಸಬಹುದು. ಆದರೆ ಅದನ್ನು ಆಯ್ದು ತರುವ, ತೊಳೆಯುವ, ಮತ್ತೆ ಮದ್ದು ಕಟ್ಟುವ ಶ್ರಮ ಹೊಸ ಕಡ್ಡಿಯ ಬೆಲೆಗಿಂತ ಕಡಿಮೆಯಿರಬೇಕು. ಮತ್ತೆ ಮತ್ತೆ ಹಾರಿಸಲು ನಿನಗೆ ಕಾರಣವೂ ಇರಬೇಕು.

ವಾಚಕರೇ, ಇನ್ನು ಮುಂದೆ ರೇಡಿಯೋ ವಾರ್ತೆಯಲ್ಲಿ ರಾಕೆಟ್ಟೊಂದು ಹಾರಿತೆಂದು ಕೇಳಿದಾಗ, ಎಷ್ಟು ಎತ್ತರಕ್ಕೆ ಹೋಯಿತೆಂದು ವಿಚಾರಿಸುವುದರ ಜೊತೆಗೆ, ಎಷ್ಟು ಹೊತ್ತಿತು, ಏನನ್ನು ಮರಳಿ ತಂದಿತು ಎಂಬ ಎರಡು ಮಾತುಗಳನ್ನೂ ವಿಚಾರಿಸಿ. ಮಕ್ಕಳು ಆಯ್ದು ತಂದ ಕಡ್ಡಿಗಳನ್ನು ಕಸಕ್ಕೆಸೆಯುವ ಮೊದಲು ಅವರ ಪ್ರಶ್ನೆಯನ್ನೂ ಒಮ್ಮೆ ಕೇಳಿಸಿಕೊಳ್ಳಿ.